ಭೋಗಿ ಹಣ್ಣು ತಿಂದ ರಾಜ

ಗೆಳೆಯರೇ, ಇವತ್ತು ಭೋಗಿ. ಸತ್ಯನಾರಾಯಣಪೇಟೆಯ ನಮ್ಮ ಮನೆಯಲ್ಲಿ ಪುಟ್ಟ ಮಗಳನ್ನು ಮಣೆಯ ಮೇಲೆ ಕೂರಿಸಿ, ದೃಷ್ಟಿ ಹೋಗಲೆಂದು ತಲೆಯ ಮೇಲೆ ಬಾರೆಹಣ್ಣು ಸುರಿದೆವು. ಸಂಗನಕಲ್ಲು ಗುಡ್ಡದಿಂದ ತಂದ ಕಾಡುಬಾರೆ. ಹಾಗೆ ಸುರಿದ ಹಣ್ಣನ್ನು ಮನೆಯವರು ತಿನ್ನುವಂತಿಲ್ಲ. ಈ ಶಾಸ್ತ್ರ ನಮ್ಮ ನಾಯಿ ರಾಜನಿಗೆ ಗೊತ್ತಿಲ್ಲ. ರೇಡಿಯೊ ಮೇಜಿನ ಕೆಳಗಿನಿಂದ ನುಗ್ಗಿ ಬಂದು ಗಬಗಬನೆ ತಿನ್ನತೊಡಗಿದ.

ಕುರುಗೋಡಿನಿಂದ ಬಂದಿದ್ದ ಸೋದರತ್ತೆ ಚೀರಿದರು: "ಹಿಡೀಲೇ ಅದನ್ನ! ಹುಡುಗಿ ದೃಷ್ಟಿ ಎಲ್ಲಾ ನಾಯಿಗೆ ಹತ್ತತೈತಿ, ಸಾಯತೈತಿ ಅದು!"

ನಾನು ರಾಜನ ಬಾಯಿಗೆ ಬೆರಳು ಹಾಕಿ ಬೀಜಗಳನ್ನು ತೆಗೆದೆ. "ಅತ್ತಿ, ಬಾರಿಹಣ್ಣು ನಾಯಿಗೆ ಏನೂ ಮಾಡಂಗಿಲ್ಲ. ಬೀಜ ಗಂಟಲಾಗ, ಹೊಟ್ಯಾಗ ಸಿಕ್ಕೊಂಡರ ಮಾತ್ರ ಅಂಜಬೇಕು. ದೃಷ್ಟಿ ಗಿಷ್ಟಿ ಎಲ್ಲಾ ಸುಳ್ಳು" ಎಂದೆ. ಅವರು ನಂಬಲಿಲ್ಲ. ಬೀಜ ಬಿಡಿಸಿ ರಾಜನಿಗೆ ಇನ್ನೆರಡು ಹಣ್ಣು ಕೊಟ್ಟೆ. ಅಷ್ಟು ಸಾಲದೆಂದು ನೆಲದಿಂದ ಒಂದು ಹಿಡಿ ಎತ್ತಿ ನಾನೂ ತಿಂದೆ.

ಸಂಜೆಯಾದರೂ ರಾಜ ಬಾಲ ಅಲ್ಲಾಡಿಸುತ್ತ ರೊಟ್ಟಿ ಕೇಳುತ್ತಿದ್ದ. ಅತ್ತೆ ಅವನನ್ನು ಮೇಲಿಂದ ಕೆಳಗೆ ನೋಡಿದರು.

"ನೀ ಹೇಳಿದ್ದು ಖರೇ ಐತಿ, ನಾಯಿಗೆ ಏನೂ ಆಗಿಲ್ಲ" ಎಂದರು. ನಾನು ಎದೆಯುಬ್ಬಿಸಿದೆ. "ಅಂದಮ್ಯಾಲೆ ದೃಷ್ಟಿ ಪೂರಾ ನಿನಗ ಹತ್ತೈತಿ. ಬಾ, ಕುಂದ್ರು."

ಮಗಳು ಕೂತಿದ್ದ ಮಣೆಯ ಮೇಲೆ ನನ್ನನ್ನು ಕೂರಿಸಿ, ಉಪ್ಪು ಮೆಣಸಿನಕಾಯಿ ನಿವಾಳಿಸಿ ಒಲೆಗೆ ಹಾಕಿದರು. ಹಣ್ಣಿನ ವಿಷಯದಲ್ಲಿ ನಾನು ಹೇಳಿದ್ದೇ ಸರಿ ಗೆಳೆಯರೇ. ಕೆಮ್ಮು ನಿಂತ ಮೇಲೆ ಇನ್ನೊಮ್ಮೆ ಗಟ್ಟಿಯಾಗಿ ಹೇಳುತ್ತೇನೆ.