ತೆರೆದ ತಿಂಗಳಿನ ಪರವಾಗಿ

ನಾವು ಆಟಕ್ಕೆಂದು ಕಟ್ಟಿದ ಕ್ಯಾಲೆಂಡರಿನ ಕೊನೆಯ ತಿಂಗಳು ತುಳುವರ ಮಳೆಗಾಲದ ಆಟಿ ತಿಂಗಳಿನ ನಕಲು ಎಂದು ಮಣಿಪಾಲದಲ್ಲಿ ಆ ಆಟ ಆಡುವವರೆಲ್ಲರೂ ಈಗ ಹೇಳುತ್ತಾರೆ. ಕಡಲಿಗೆ ಇಳಿಯುವ ಹಾಗಿಲ್ಲ, ಹೊಸ ಕೆಲಸ ಶುರು ಮಾಡುವ ಹಾಗಿಲ್ಲ, ಹಾಗಾದರೆ ಆಟಿಯೇ ಅಲ್ವಾ? ಕೇಳಲು ಚೆನ್ನಾಗಿದೆ. ಒಂದೇ ತೊಂದರೆ: ಆಟಿ ಸಂಕ್ರಮಣಕ್ಕೆ ಸರಿಯಾಗಿ ಮುಗಿಯುತ್ತದೆ, ಯಾರು ಬರಲಿ, ಬಿಡಲಿ. ನಮ್ಮ ತಿಂಗಳು ಹಾಗೆ ಮುಗಿಯುವುದಿಲ್ಲ. ನೋಡಲು ಒಂದೇ ತರ ಇದ್ದ ಮಾತ್ರಕ್ಕೆ ಒಂದರಿಂದ ಇನ್ನೊಂದು ಹುಟ್ಟಿತು ಎನ್ನುವವರನ್ನು ಕಾಲೇಜಿನ ಚರ್ಚಾಸ್ಪರ್ಧೆಗಳಲ್ಲಿ ನಾನು ಮೊದಲ ಸುತ್ತಿನಲ್ಲೇ ಮನೆಗೆ ಕಳಿಸುತ್ತಿದ್ದೆ. ಮೇಲಾಗಿ, ಆ ತಿಂಗಳು ಹುಟ್ಟುವಾಗ ನಾನು ಅಲ್ಲೇ ಕೂತಿದ್ದೆ. ವಿರೋಧಿಸುತ್ತಾ ಕೂತಿದ್ದೆ.

ಉಡುಪಿಯ ಬನ್ನಂಜೆಯಲ್ಲಿ ಒಂದು ಟೈಲರ್ ಅಂಗಡಿಯ ಮಾಳಿಗೆ. ಅಂಗಡಿ ನಮ್ಮ ಕಾರ್ಕಳದ ಗೆಳತಿಯ ದೊಡ್ಡಮ್ಮನದ್ದು. ಭಾನುವಾರ ಮಧ್ಯಾಹ್ನ ಊಟ ಮುಗಿಸಿ ನಾವು ನಾಲ್ವರು ಅಲ್ಲಿ ಸೇರಿ ದಾಳ ಉರುಳಿಸಿ ಕಥೆಯ ಆಟ ಆಡುತ್ತಿದ್ದೆವು. ಇಲ್ಲದ ಒಂದು ಕಡಲು, ಅದರ ತುಂಬ ಇಲ್ಲದ ದ್ವೀಪಗಳು, ಆ ದ್ವೀಪಗಳಲ್ಲಿ ದೋಣಿಗಳಿಗೆ ದಾರಿ ತೋರಿಸಲು ದೀಪ ಕಾಯುವ ಒಂದು ಸಂಘ. ನಾವು ಆ ಸಂಘದವರು. ಕಥೆ ನಡೆಸುವವಳು ಕಾರ್ಕಳದವಳು. ನಾನು ಹಿರಿಯಡ್ಕದಿಂದ ಬಸ್ಸಿನಲ್ಲಿ ಬರುತ್ತಿದ್ದೆ. ಉಳಿದವರು ಇನ್ನಂಜೆಯವನೊಬ್ಬ, ಕಾಪುವಿನವನೊಬ್ಬ.

ಕಾರ್ಕಳದವಳು ತರಿಸಿದ್ದ ವಿದೇಶದ ನಿಯಮಪುಸ್ತಕದಲ್ಲಿ ಹಿಮ ಬೀಳುವ ತಿಂಗಳೊಂದಿತ್ತು. ಜಗಳ ಶುರುವಾದದ್ದು ಅಲ್ಲಿಂದ.

"ಇದು ಬೇಡ. ಇಲ್ಲಿ ಯಾರಾದರೂ ಹಿಮ ನೋಡಿದ್ದೀರಾ?" ಎಂದೆ.

"ನಮ್ಮ ಫ್ರಿಜ್ಜಿನಲ್ಲಿ ಉಂಟು," ಎಂದ ಇನ್ನಂಜೆಯವನು. "ಬಂಗುಡೆ ಮೀನಿನ ಮೇಲೆ."

ಪುಸ್ತಕ ಮುಚ್ಚಿದೆವು. ಸಂಘದವರು ಮಾಡುವ ಕೆಲಸದಿಂದಲೇ ತಿಂಗಳುಗಳಿಗೆ ಹೆಸರಿಟ್ಟೆವು: ಬತ್ತಿ ಹೊಸೆಯುವ ತಿಂಗಳು, ಎಣ್ಣೆ ತುಂಬುವ ತಿಂಗಳು, ಗಾಜು ಒರೆಸುವ ತಿಂಗಳು, ಹೀಗೆ. ಪ್ರತಿಯೊಂದು ಹೆಸರಿಗೂ ವಾದ, ಪ್ರತಿವಾದ. ಕೆಳಗೆ ಮಷಿನ್ ಓಡುತ್ತಿದ್ದ ಕಾರಣ ಮೇಲೆ ಕಿರುಚಿಯೇ ಮಾತಾಡಬೇಕಿತ್ತು. ನನಗೆ ಅದೇನೂ ಕಷ್ಟವಲ್ಲ.

ಕೊನೆಯ ತಿಂಗಳಿಗೆ ಬಂದಾಗ ಕಾಪುವಿನವನು ಹೇಳಿದ: "ಇದಕ್ಕೆ ದಿನದ ಲೆಕ್ಕ ಬೇಡ. ದೀಪ ಕಾಯಲು ಹೋದವರೆಲ್ಲ ಬಂದರಿಗೆ ವಾಪಸ್ ಬರಲಿ. ಬಂದವರು ಒಬ್ಬೊಬ್ಬರಾಗಿ ತಮ್ಮ ದೀಪ ಹಚ್ಚಲಿ. ಕೊನೆಯವನು ಹಚ್ಚಿದ ಮೇಲೆ ಹೊಸ ವರ್ಷ."

"ಒಬ್ಬ ಬರದಿದ್ದರೆ?"

"ಬರುವವರೆಗೆ ಅದೇ ತಿಂಗಳು."

"ಅದು ಕ್ಯಾಲೆಂಡರ್ ಅಲ್ಲ ಮಾರಾಯ, ಬಸ್ ಸ್ಟ್ಯಾಂಡ್."

ಅವನಿಗೆ ಸಿಟ್ಟು ಬರಲಿಲ್ಲ. ಅವನ ಪಪ್ಪ ಹಡಗಿನ ಎಂಜಿನ್ ರೂಮಿನಲ್ಲಿ ಇದ್ದವರು. ಬದಲಿ ಜನ ಬಂದು ಹತ್ತುವವರೆಗೆ ಇವರು ಇಳಿಯುವ ಹಾಗಿಲ್ಲ, ಮತ್ತು ಬದಲಿ ಜನ ಹೇಳಿದ ದಿನಕ್ಕೆ ಬಂದದ್ದೇ ಇಲ್ಲ. ಅವರ ಮನೆಯಲ್ಲಿ ಕ್ರಿಸ್ಮಸ್ಸಿಗೆ ಗರಿಗರಿ ನೆವರಿ ಮುಂತಾದ ಕುಸ್ವಾರ್ ತಿಂಡಿಗಳನ್ನು ಮಾಡಿ, ನೆರೆಯವರಿಗೆಲ್ಲ ಹಂಚಿ, ಮನೆಯ ಪಾಲನ್ನು ಡಬ್ಬಕ್ಕೆ ತುಂಬಿ ಕಪಾಟಿನ ಮೇಲೆ ಇಡುತ್ತಿದ್ದರು. ಪಪ್ಪ ಬಾರದೆ ಯಾರೂ ಅದನ್ನು ತೆರೆಯುವಂತಿಲ್ಲ.

"ಒಂದು ವರ್ಷ ಪಪ್ಪ ಬರುವಾಗ ನೆವರಿ ಎಲ್ಲ ಮೆತ್ತಗಾಗಿತ್ತು," ಎಂದ. "ತಿಂದೆವು. ನಮಗೆ ಕ್ರಿಸ್ಮಸ್ ಅವತ್ತೇ."

ಕಥೆ ಕೇಳಿ ಕರಗುವವಳು ನಾನಲ್ಲ. "ಹೋದವನು ಸತ್ತರೆ ಎಂತ ಮಾಡುವುದು?" ಎಂದು ಕೇಳಿದೆ.

"ಸತ್ತ ಸುದ್ದಿ ಬಂದರೆ ಅವನ ದೀಪ ಇನ್ನೊಬ್ಬರು ಹಚ್ಚಬಹುದು. ಆದರೆ ಸುದ್ದಿ ಬರಬೇಕು. ಊಹೆ ಮಾಡಿ ಹಚ್ಚುವ ಹಾಗಿಲ್ಲ."

ಆ ಮಾತಿಗೆ ನಾನು ಒಪ್ಪಿ ಕೈ ಎತ್ತಿದೆ. ಸಾಕ್ಷಿ ಇಲ್ಲದೆ ಯಾರನ್ನೂ ಇಲ್ಲವೆಂದು ಬರೆದುಹಾಕದ ಕ್ಯಾಲೆಂಡರ್ ಬೇರೆ ಎಲ್ಲಿ ಉಂಟು? ತೋರಿಸಿ, ಸೋಲು ಒಪ್ಪುತ್ತೇನೆ.

ಆ ನಿಯಮ ಆಟದ ಮೇಜಿನಿಂದ ಇಳಿದು ನಮ್ಮೊಂದಿಗೆ ಓಡಾಡತೊಡಗಿತು. ಇನ್ನಂಜೆಯವನು ಗದ್ದೆಯಲ್ಲಿ ನೇಜಿ ನೆಡುವ ಕೆಲಸಕ್ಕೆ ನಿಂತರೆ, "ತಿಂಗಳು ತೆರೆದೇ ಉಂಟು, ಮುಗಿಸಿ ಬಾ" ಎಂದು ಸುದ್ದಿ ಹೋಗುತ್ತಿತ್ತು. ನಾನೊಮ್ಮೆ ಸ್ಪರ್ಧೆಗೆಂದು ಪರವೂರಿಗೆ ಹೋಗಿ, ಸೋತು, ಮುಖ ಊದಿಸಿಕೊಂಡು ಮಾಳಿಗೆ ಹತ್ತಿದಾಗ ಮೂವರೂ ಆಟದಲ್ಲಿ ತಮ್ಮ ತಮ್ಮ ದೀಪ ಹಚ್ಚಿ ನನ್ನದೊಂದಕ್ಕೇ ಕಾಯುತ್ತಿದ್ದರು. ಗೆದ್ದ ಯಾವ ಕಪ್ಪಿನ ಬಗ್ಗೆಯೂ ನನಗೆ ಅಷ್ಟು ಹೆಮ್ಮೆ ಇಲ್ಲ. ಆ ಕ್ಯಾಲೆಂಡರ್ ಮಾಡಿದವರಲ್ಲಿ ನಾನೂ ಒಬ್ಬಳು ಎಂದು ಯಾರ ಎದುರಿಗೂ ಹೇಳುತ್ತೇನೆ.

ಆಮೇಲೆ ಕಾಪುವಿನವನ ಪಪ್ಪ ನಿವೃತ್ತರಾದರು, ಮಗ ಹಡಗು ಹತ್ತಿದ. ನಾವು ಈಗ ತೆರೆದ ತಿಂಗಳಿನಲ್ಲಿದ್ದೇವೆ. ಮೂರು ದೀಪ ಉರಿಯುತ್ತಿವೆ, ಅವನದ್ದು ಬಾಕಿ.

ಈ ನಡುವೆ ಮಣಿಪಾಲದ ವಿದ್ಯಾರ್ಥಿಗಳ ಒಂದು ಗುಂಪು ನಮ್ಮ ಆಟ ಕಲಿತು, ತಮ್ಮದೇ ಸಂಘ ಕಟ್ಟಿತು. ಅವರಲ್ಲೊಬ್ಬ ಬರುವುದನ್ನು ನಿಲ್ಲಿಸಿದ. ಅವರ ವರ್ಷ ಅಲ್ಲೇ ನಿಂತಿತು. ಎಲ್ಲರಿಗೂ ಹಂಚಲು ಕ್ಯಾಲೆಂಡರ್ ಪ್ರಿಂಟ್ ಮಾಡಿಸಲು ಹೊರಟ ಕಾರ್ಕಳದವಳು ಕಳೆದ ಭಾನುವಾರ ಹೇಳಿಯೇಬಿಟ್ಟಳು: "ಕೊನೆಯ ತಿಂಗಳಿಗೂ ಮೂವತ್ತು ದಿನ ಹಾಕುತ್ತೇನೆ."

"ಬರದವನನ್ನು ಯಾಕೆ ಬರುವುದಿಲ್ಲವೆಂದು ಅವರು ಕೇಳಿದ್ದಾರಾ?"

"ಇಲ್ಲವಂತೆ."

"ಮತ್ತೆ? ತಿಂಗಳು ತೆರೆದಿರುವುದು ಸುಮ್ಮನೆ ಕಾಯಲಿಕ್ಕಲ್ಲ. ಹೋಗಿ ಕೇಳಲಿಕ್ಕೆ. ಕೇಳದೆ ಕೂತವರ ಸೋಮಾರಿತನಕ್ಕೆ ನಮ್ಮ ನಿಯಮ ಯಾಕೆ ಬಲಿಯಾಗಬೇಕು?"

"ನಿನ್ನ ಭಾಷಣ ಸರಿ ಉಂಟು ಮಾರಾಯ್ತಿ," ಎಂದು ಅವಳು ಮೊಬೈಲ್ ತೆಗೆದು ಮೇಜಿನ ಮೇಲಿಟ್ಟಳು. "ಆದರೆ ತಿಂಗಳು ಅವನದ್ದು. ಅವನು ಎಂತ ಹೇಳಿದ್ದಾನೆ ಕೇಳು."

ಹಡಗಿನಿಂದ ರೆಕಾರ್ಡ್ ಮಾಡಿ ಕಳಿಸಿದ್ದ ಸಂದೇಶ, ಎಂಜಿನ್ ಸದ್ದಿನ ನಡುವೆ ಕಾಪುವಿನವನ ಧ್ವನಿ: "ಮೂವತ್ತು ಹಾಕಿ ಮುಗಿಸಿಬಿಡಿ. ನಾನು ಯಾವಾಗ ಇಳಿಯುತ್ತೇನೋ ನನಗೇ ಗೊತ್ತಿಲ್ಲ. ನನಗೋಸ್ಕರ ಯಾರೂ ಕಾಯುವುದು ಬೇಡ."

ಇನ್ನಂಜೆಯವನು ನನ್ನ ಮುಖ ನೋಡಿದ. "ವಕೀಲರೇ, ಕೇಸು ಮುಗಿಯಿತಾ?"

ಮುಗಿಯಲಿಲ್ಲ. ಈ ವಿಷಯದಲ್ಲಿ ಕಾಯಿಸುವವನ ಸಾಕ್ಷಿ ನಡೆಯುವುದಿಲ್ಲ. ಅವನು ಯಾವಾಗಲೂ ಬೇಡ ಎಂದೇ ಹೇಳುತ್ತಾನೆ. ಅವನ ಪಪ್ಪನೂ ಪ್ರತಿ ವರ್ಷ ಫೋನಿನಲ್ಲಿ ಅವನ ಅಮ್ಮನಿಗೆ "ಮಕ್ಕಳಿಗೆ ಕೊಟ್ಟುಬಿಡು" ಎಂದೇ ಹೇಳುತ್ತಿದ್ದರಂತೆ. ಡಬ್ಬ ಮಾತ್ರ ಕಪಾಟಿನ ಮೇಲೆಯೇ ಇರುತ್ತಿತ್ತು.

"ಶನಿವಾರ ಪ್ರಿಂಟಿಗೆ ಕೊಡುತ್ತೇನೆ," ಎಂದಳು ಅವಳು. "ಅಷ್ಟರೊಳಗೆ ಅವನು ಮಾತು ಬದಲಿಸಿದರೆ ನಾನೂ ಬದಲಿಸುತ್ತೇನೆ. ನಿನ್ನಿಂದಾದರೆ ಬದಲಿಸು."

ಹಡಗು ಯಾವುದಾದರೂ ಬಂದರು ಮುಟ್ಟಿದಾಗ ಮಾತ್ರ ಅವನಿಗೆ ಸಂದೇಶ ಸಿಗುತ್ತದೆ. ವಾಪಸ್ ಹಿರಿಯಡ್ಕಕ್ಕೆ ಹೋಗುವ ಬಸ್ಸಿನಲ್ಲಿ ಕೂತು ನಾನು ವಾದ ಬರೆದೆ, ಅಳಿಸಿದೆ. ಇನ್ನೊಂದು ಬರೆದೆ, ಅದನ್ನೂ ಅಳಿಸಿದೆ. ಕ್ರಿಸ್ಮಸ್ ಕಳೆದು ಬಹಳವೇನೂ ಆಗಿಲ್ಲ. ಕೊನೆಗೆ ಒಂದೇ ಪ್ರಶ್ನೆ ಕಳಿಸಿದೆ:

"ನಿಮ್ಮ ಮನೆಯ ಡಬ್ಬವನ್ನು ಈ ಸಲ ಆಂಟಿ ನೀನಿಲ್ಲದೆ ತೆರೆದರಾ?"