ಬಾಗಿಲ ಮುಂದಿನ 'ಠ'

ಆಗಿನ್ನೂ ನಿಟ್ಟೂರಿನ ನಮ್ಮ ಬೀದಿಗೆ ಕರೆಂಟು ಬಂದಿರಲಿಲ್ಲ. ಬೆಳಿಗ್ಗೆ ರೈಲು ಕೂಗುವ ಹೊತ್ತಿಗೆ ಮನೆಮನೆಯ ಮುಂದೆ ಸಗಣಿನೀರಿನ ವಾಸನೆ, ಅದರ ಮೇಲೆ ರಂಗೋಲಿ. ನಾನು ಒಂದನೇ ಕ್ಲಾಸು. ಮೇಷ್ಟ್ರು ನಮ್ಮ ಬೆರಳು ಹಿಡಿದು ಮರಳ ಮೇಲೆ ಉಜ್ಜಿಸುತ್ತಿದ್ದರು. ಬೆರಳು ಕೆಂಪಾಗುತ್ತಿತ್ತೇ ಹೊರತು ಒಂದಕ್ಷರವೂ ನನ್ನ ತಲೆಗೆ ಹತ್ತಲಿಲ್ಲ. ಇವಳನ್ನು ಎಮ್ಮೆ ಕಾಯಲು ಕಳಿಸಿ ಎಂದು ಅಪ್ಪನಿಗೆ ಹೇಳಿಯೂ ಆಗಿತ್ತು.

ನನ್ನನ್ನು ಉಳಿಸಿದವಳು ನಮ್ಮ ಗೌರಕ್ಕ. ದೊಡ್ಡವಳಾದಳೆಂದು ಆ ವರ್ಷವೇ ಅವಳನ್ನು ಸ್ಕೂಲು ಬಿಡಿಸಿದ್ದರು. ರಂಗೋಲಿಗೆ ಮಾತ್ರ ಯಾರ ಅಡ್ಡಿಯೂ ಇರಲಿಲ್ಲ. ಒಂದು ಬೆಳಿಗ್ಗೆ ಅವಳು ಬಾಗಿಲ ಮುಂದೆ ಮೊರದಗಲದ 'ಠ' ಬಿಡಿಸಿದಳು. ಅದು ಸ್ಕೂಲಿನ ದುಂಡು ಗಂಟೆಯಂತೆ. ನಡುವಿನ ಚುಕ್ಕಿ, ಏಟು ಬೀಳುವ ಜಾಗವಂತೆ.

"ಬರೀ ನೋಡ್ಬೇಡ ಕಣೇ, ಬಾರ್ಸು."

ಠಣ್ ಎಂದೆ. ಅಕ್ಷರ ತಲೆಯೊಳಗೆ ಕೂತೇಬಿಟ್ಟಿತು.

ಮರುದಿನ 'ಗ' ಬಂತು. ರೈಲು ಸೇತುವೆಯ ಕಮಾನು, ಮೇಲೆ ಗಡಗಡ ಸದ್ದು. ಆಮೇಲೆ ರೆಕ್ಕೆ ಚಾಚಿದ ಕಾಗೆಯ 'ಕ'. ಬೀದಿಯ ಮಕ್ಕಳೆಲ್ಲ ನಮ್ಮ ಬಾಗಿಲಲ್ಲೇ ಕೂಗಿ ಕಲಿತು, ಸ್ಕೂಲಿನಲ್ಲಿ ಸ್ಲೇಟು ತುಂಬ ಬರೆಯತೊಡಗಿದರು.

ಮೇಷ್ಟ್ರು ಮನೆಗೇ ಬಂದರು. ಅಕ್ಷರವೆಂದರೆ ಸರಸ್ವತಿ, ಬೀದಿಯಲ್ಲಿ ಬರೆದರೆ ದನ ಜನ ತುಳಿಯುತ್ತವೆ, ಮನೆಗೆ ಏಳಿಗೆಯಿಲ್ಲ ಎಂದು ಅಪ್ಪನ ಕಿವಿ ಊದಿದರು. ಸರಸ್ವತಿಯೂ ಇಲ್ಲ, ಮಣ್ಣೂ ಇಲ್ಲ. ತನ್ನ ಕೈಲಾಗದ್ದು ಒಬ್ಬ ಹುಡುಗಿಯ ಕೈಲಾಯಿತಲ್ಲ ಎಂಬ ಹೊಟ್ಟೆಯುರಿ. ಕಾಗದಕ್ಕೆ ಕಾಲು ತಗುಲಿದರೂ ಕಣ್ಣಿಗೊತ್ತಿಕೊಳ್ಳುವ ಅಪ್ಪ ಹೆದರಿಬಿಟ್ಟ. ತಾನೇ ಬಕೆಟ್ಟು ತಂದು ನೀರು ಸುರಿದ.

ಗೌರಕ್ಕ ರಂಗೋಲಿಯ ಕರಟ ಹಿಡಿದೇ ಕೇಳಿದಳು: "ಸ್ಕೂಲಲ್ಲಿ ಬರಿಯೋಕೆ ಬಿಡಲಿಲ್ಲ, ಬೀದೀಲೂ ಬೇಡ ಅಂತೀಯ. ಇನ್ನೆಲ್ಲಿ ಬರೀಲಪ್ಪ?"

ಅಪ್ಪ ಅವಳಿಗೆ ಗಂಡು ಹುಡುಕಿ ಕೊತ್ತಗೆರೆಗೆ ಕೊಟ್ಟ. ಅವಳು ಸಾಯುವವರೆಗೂ ಆ ಮನೆಯ ಮುಂದೆ ಕಮಲ, ನಕ್ಷತ್ರಗಳಷ್ಟೇ ಬಿದ್ದವು.

ಮೊನ್ನೆ ಉಪ್ಪಾರಹಳ್ಳಿಯಲ್ಲಿ ಮೊಮ್ಮಗಳ ಸ್ಕೂಲಿಗೆ ಹೋಗಿದ್ದೆ. ನೆಲದ ತುಂಬ ಪೇಂಟಿನ ಅಕ್ಷರಗಳು. ಮಕ್ಕಳು ಒಂದೊಂದರ ಮೇಲೂ ಕುಪ್ಪಳಿಸಿ ಅದರ ಸದ್ದು ಕೂಗಬೇಕು. ಹೊಸ ವಿಧಾನ ಎಂದರು ಮಿಸ್ಸು. ಎಲ್ಲರೂ ಚಪ್ಪಾಳೆ ತಟ್ಟಿದರು. ನನಗೆ ಮೈಯೆಲ್ಲ ಉರಿಯಿತು, ಕೈ ಮೇಲೇಳಲಿಲ್ಲ.

ಮೊಮ್ಮಗಳು 'ಠ' ಮೇಲೆ ನಿಂತು ನನ್ನತ್ತ ಕೈಬೀಸಿದಳು. ಸರಸ್ವತಿ ಯಾರ ಮೇಲೂ ಮುನಿದ ಹಾಗೆ ಕಾಣಲಿಲ್ಲ. ಮುನಿದು ಕೂತವಳು ನಾನೊಬ್ಬಳೇ. ಗೌರಕ್ಕ ಇರಬೇಕಿತ್ತು.