ಅಕ್ಕನ ಗಾಡಿಯ ಸಿಡಿ

ಇವತ್ತು ಭಾನುವಾರ. ನಮ್ಮ ಬೀದಿಗೆ ನೀರು ಬಿಡುವ ದಿನವಾದ್ದರಿಂದ ಎದ್ದ ಕೂಡಲೇ ಡ್ರಮ್ಮು ತುಂಬಿಸಿದೆ. ಹಾಲು ಕಾಯಿಸಿದೆ. ವಾರದ ಬನಿಯನ್ನುಗಳನ್ನು ನೆನೆಹಾಕಿದೆ. ಪುಂಡಿ ಸೊಪ್ಪು ಬಿಡಿಸಿ, ತೊಳೆದು, ಪಲ್ಯ ಮಾಡಿಟ್ಟೆ. ಬಾಗಿಲ ಚಿಲಕಕ್ಕೆ ಎರಡು ತೊಟ್ಟು ಎಣ್ಣೆ ಬಿಟ್ಟೆ. ಆಮೇಲೆ ಒಂದು ಸಿಡಿಗೆ ಟೂತ್‌ಪೇಸ್ಟು ಹಚ್ಚಿ ತಿಕ್ಕಿದೆ.

ಕೊನೆಯ ಕೆಲಸಕ್ಕೆ ಬಂದಾಗ ನೀವು ಹುಬ್ಬೇರಿಸುತ್ತೀರಿ ಎಂದು ಗೊತ್ತು. ಮಧ್ಯಾಹ್ನ ಊಟಕ್ಕೆ ಕೂತರೆ ಬೆರಳಲ್ಲೆಲ್ಲ ಅದೇ ವಾಸನೆ. ತುತ್ತು ಬಾಯಿಗಿಟ್ಟಾಗಲೆಲ್ಲ ಇನ್ನೊಮ್ಮೆ ಹಲ್ಲುಜ್ಜಿದ ಹಾಗಾಗುತ್ತಿತ್ತು. ಹಿಂದೆಲ್ಲ ಈ ವಾಸನೆಯ ಊಟ ನನಗೆ ರೂಢಿಯಾಗಿತ್ತು. ಅಕ್ಕ ಈ ಮನೆಯಲ್ಲಿದ್ದ ಕಾಲವದು.

ಬೆಳಿಗ್ಗೆ ಸೊಪ್ಪು ಬಿಡಿಸುತ್ತಿದ್ದಾಗ ರಾಯಚೂರಿನಿಂದ ಗೌರಮ್ಮನ ಫೋನು ಬಂತು. ಗೌರಮ್ಮ ನನ್ನ ಅಕ್ಕನ ನಾದಿನಿ. ಅಕ್ಕ ಈಗ ಅವಳ ಮನೆಯಲ್ಲಿ, ಬಚ್ಚಲಲ್ಲಿ ಜಾರಿ ಬಿದ್ದು, ಸೊಂಟದ ಮೂಳೆಗೆ ಪೆಟ್ಟಾಗಿ ಹಾಸಿಗೆ ಹಿಡಿದಿದ್ದಾಳೆ. ಬಿದ್ದಾಗ ಹೋಗಿ ನೋಡಿ, ರಜೆ ಇದ್ದಷ್ಟು ದಿನ ಇದ್ದು ಬಂದಿದ್ದೆ.

“ಅಣ್ಣಾರ, ವೈನಿ ಊಟಾನ ಬಿಟ್ಟಾರ್ರಿ,” ಅಂದಳು. “ಗಂಜಿ ಒಯ್ದ್ರ ಗೋಡಿ ಕಡಿ ಮಾರಿ ತಿರುಗಸ್ತಾರ. ಡಾಕ್ಟರು ಎಲುಬು ಕೂಡಾಕತ್ತೈತಿ ಅಂತಾರ. ಹೊಟ್ಟಿಗಿ ಏನೂ ಹೋಗದಿದ್ರ ಹ್ಯಾಂಗ್ ಕೂಡ್ತೈತಿ ಹೇಳ್ರಿ?”

“ಒತ್ತಾಯ ಮಾಡಿದ್ರ ಬೈತಾಳೇನು?”

“ಬೈದಿದ್ರ ಚಲೋ ಇತ್ತಲ್ರಿ! ಮಾತ ಇಲ್ಲ. ನಿನ್ನಿ ಒಮ್ಮೆ ಮಾತ್ರ, ತಮ್ಮನ ಮನ್ಯಾಗ ನನ್ನ ಗಾಡಿ ಚಾಲೂ ಐತೋ ಇಲ್ಲೋ ಕೇಳು ಅಂದ್ರು. ಯಾವ ಗಾಡೀರಿ ಅದು? ನಿಮ್ಮ ಸ್ಕೂಟರೇನು?”

“ಸ್ಕೂಟರಲ್ಲ ಗೌರಮ್ಮ, ಟಿವಿ ಒಳಗಿನ ಗಾಡಿ. ಆಟದ್ದು. ಸಂಜೀಕ ಫೋನ್ ಮಾಡ್ತೀನಿ, ಅಕ್ಕನ ಕಿವಿಗಿ ಹಿಡಿ. ಅದರ ಸಪ್ಪಳ ಕೇಳಸ್ತೀನಿ.”

ಹಾಗೆ ಮಾತು ಕೊಟ್ಟು ಫೋನು ಕೆಳಗಿಟ್ಟ ಮೇಲೆ, ಗಾಡಿ ಚಾಲೂ ಇದೆಯೋ ಇಲ್ಲವೋ ನನಗೇ ಗೊತ್ತಿಲ್ಲ ಎಂಬುದು ನೆನಪಾಯಿತು. ಅಕ್ಕ ರಾಯಚೂರಿಗೆ ಹೋದ ಮೇಲೆ ನಾನದನ್ನು ಮುಟ್ಟಿರಲೇ ಇಲ್ಲ.

ಅಕ್ಕನ ಗಂಡ, ನನ್ನ ಭಾವ, ಸರ್ಕಾರಿ ಬಸ್ಸಿನ ಡ್ರೈವರ್ ಆಗಿದ್ದವರು. ಮಾತು ಕಡಿಮೆ, ಹಾರ್ನೂ ಕಡಿಮೆ. ಮದುವೆಯಾದ ಹೊಸತರಲ್ಲಿ ಅಕ್ಕ ತವರಿಗೆ ಬರುವುದೆಂದರೆ ಭಾವನ ಬಸ್ಸಿನಲ್ಲಿ, ಇಂಜಿನ್ ಪಕ್ಕದ ಸೀಟಿನಲ್ಲಿ, ಕಾಲ ಬುಡದಲ್ಲಿ ಬುತ್ತಿಗಂಟು ಇಟ್ಟುಕೊಂಡು. ಆ ಸೀಟಿನಲ್ಲಿ ಕೂತೂ ಕೂತೂ ಗಾಡಿಯ ಸದ್ದು ಅವಳ ಕಿವಿಗೆ ಮನೆಯವರ ದನಿಯಷ್ಟೇ ಪರಿಚಯವಾಗಿತ್ತು. ಮನೆಯೊಳಗೆ ರೊಟ್ಟಿ ಬಡಿಯುತ್ತಲೇ, ಬೀದಿಯಲ್ಲಿ ಹೋದ ಲಾರಿಗೆ “ಆ ಮನಷ್ಯಾಗ ಕ್ಲಚ್ಚಿನ ಕದರ ಇಲ್ಲ” ಎಂದು ತೀರ್ಪು ಕೊಡುತ್ತಿದ್ದಳು.

ಭಾವ ತೀರಿಕೊಂಡ ಮೇಲೆ ಅವಳನ್ನು, ನಾನು ಕಾರ್ಖಾನೆ ಕೆಲಸಕ್ಕಿರುವ ತೆಲುಗು ಸೀಮೆಯ ಸನತ್‌ನಗರಕ್ಕೆ, ನನ್ನ ಈ ಎರಡು ಕೋಣೆಯ ಮನೆಗೆ ಕರೆತಂದೆ. ನಾನು ಮದುವೆಯಾಗದವನು. ಕಾರಣ ಕೇಳಬೇಡಿ, ಕೇಳಿದವರಿಗೆಲ್ಲ ಬೇರೆ ಬೇರೆ ಹೇಳಿ ಯಾವುದು ನಿಜ ಎಂದು ನನಗೇ ಮರೆತಿದೆ. ಅಕ್ಕ ಬಂದಾಗ ನನ್ನ ಅಡುಗೆಮನೆಯಲ್ಲಿ ಎರಡೇ ಲೋಟಗಳಿದ್ದವು, ಒಂದು ನೀರಿಗೆ, ಒಂದು ಚಹಾಕ್ಕೆ. ಅವಳು ಕಿಟಕಿಯ ಪಕ್ಕ ಕೂತು ಕಾರ್ಖಾನೆಗೆ ಹೋಗಿ ಬರುವವರನ್ನು ನೋಡುತ್ತಿದ್ದಳು. ಬೀದಿಯ ತೆಲುಗು ಅವಳಿಗೆ ಬಾರದು. ನಾನು ಸಂಜೆ ಬಂದು “ಉಂಡ್ಯೇನು ಅಕ್ಕ?” ಅಂದರೆ “ಹ್ಞೂಂ” ಅನ್ನುತ್ತಿದ್ದಳು. ಒಬ್ಬನೇ ಇದ್ದಾಗ ಮೌನ ನನಗೇನೂ ಅನ್ನಿಸುತ್ತಿರಲಿಲ್ಲ. ಇಬ್ಬರಾದ ಮೇಲೆ ಅದು ಮನೆ ತುಂಬ ಕಾಲಿಗೆ ತೊಡರತೊಡಗಿತು.

ಅಷ್ಟರಲ್ಲಿ ಮೇಲಿನ ಪೋರ್ಷನ್ನಿನ ಬ್ಯಾಚುಲರುಗಳು ಮನೆ ಖಾಲಿ ಮಾಡಿದರು. ಟಿವಿಗೆ ಜೋಡಿಸಿ ಆಡುವ ಹಳೆಯ ಆಟದ ಪೆಟ್ಟಿಗೆಯೊಂದನ್ನು, “ಹೊಸದು ಬಂದಿದೆ ಅಂಕಲ್, ಇದು ಬೇಕಾದ್ರೆ ಇಟ್ಕೊಳ್ಳಿ” ಎಂದು ನನ್ನ ಬಾಗಿಲಲ್ಲಿ ಇಟ್ಟು ಹೋದರು. ಒಳಗೆ ಒಂದು ಸಿಡಿ ಇತ್ತು: ಕಾರು ಓಡಿಸುವ ಆಟ. ಒಂದು ಸಂಜೆ ಟಿವಿಗೆ ಸಿಕ್ಕಿಸಿ, ರಿಮೋಟು ಹಿಡಿದು, ಸೀದಾ ಹೋಗಿ ಗೋಡೆಗೆ ಗುದ್ದಿದೆ.

“ಬ್ರೇಕ್ ಹೊಡಿಯೋ ಮಬ್ಬ!”

ತಿರುಗಿ ನೋಡಿದರೆ ಅಕ್ಕ ಕಿಟಕಿ ಬಿಟ್ಟು ಎದ್ದು ನಿಂತಿದ್ದಳು. ಅಷ್ಟು ತಿಂಗಳಲ್ಲಿ ಅವಳು ತಾನಾಗಿ ಆಡಿದ ಮೊದಲ ಮಾತದು. ಬೈಸಿಕೊಂಡು ಅಷ್ಟು ಖುಷಿಪಟ್ಟದ್ದು ನನಗೆ ನೆನಪಿಲ್ಲ. ಇನ್ನೊಂದು ಸಲ ಬೇಕೆಂದೇ ಗುದ್ದಿದೆ. “ಕೊಡು ಇಲ್ಲೆ,” ಎಂದು ರಿಮೋಟು ಕಸಿದುಕೊಂಡಳು.

ಅಕ್ಕ ಓಡಿಸುವುದನ್ನು ನೀವು ನೋಡಬೇಕಿತ್ತು. ಅದು ರೇಸಿನ ಆಟ. ಉಳಿದ ಕಾರುಗಳೆಲ್ಲ ಬಾಣದ ಹಾಗೆ ಹೋಗಿಬಿಡುತ್ತಿದ್ದವು. ಅಕ್ಕ ಎಡಗಡೆ ಹಿಡಿದು, ತಿರುವಿನಲ್ಲಿ ಹಾರ್ನು ಹೊಡೆದು, ಕೆಂಪು ದೀಪ ಕಂಡಲ್ಲಿ ನಿಲ್ಲುತ್ತಿದ್ದಳು. “ಎಲ್ಲಾರೂ ಹೊಂಟಾರ, ನೀ ಯಾಕ ನಿಂತಿ?” ಎಂದರೆ, “ಅವರು ಯಮನ ಮನಿಗಿ ಹೊಂಟಾರ, ನಾ ಹೋಗಂಗಿಲ್ಲ” ಎನ್ನುತ್ತಿದ್ದಳು. ಫುಟ್‌ಪಾತಿನಲ್ಲಿ ಜನ ಗುಂಪಾಗಿದ್ದ ಕಡೆಯಲ್ಲೂ ನಿಲ್ಲಿಸುವಳು. ಆಟದ ಜನ, ಅವರವರ ಪಾಡಿಗೆ ನಡೆದುಹೋಗುವರು. “ಯಾರೂ ಹತ್ತಂಗಿಲ್ಲಲ್ಲೋ ತಮ್ಮಾ,” ಎಂದು ಸ್ವಲ್ಪ ಹೊತ್ತು ಕಾದು ಮುಂದೆ ಹೋಗುವಳು. ಕೊನೆಯಲ್ಲಿ ಸೋತದ್ದನ್ನು ಸಾರುವ ದೊಡ್ಡ ಇಂಗ್ಲಿಷ್ ಅಕ್ಷರಗಳು ಬರುತ್ತಿದ್ದವು. “ಏನಂತೈತಿ ಅದು?” ಎಂದು ಕೇಳಿದರೆ, “ಆರಾಮಾಗಿ ಮುಟ್ಟಿದ್ರಿ ಅಂತೈತಿ” ಎಂದು ಹೇಳುತ್ತಿದ್ದೆ. ಅವಳು ತಲೆಯಾಡಿಸುತ್ತಿದ್ದಳು.

ಆದರೆ ಸಿಡಿಯನ್ನು ಅವಳು ಪೆಟ್ಟಿಗೆಯೊಳಗೆ ಬಿಡುತ್ತಿರಲಿಲ್ಲ. ಆಟ ಮುಗಿದ ಮೇಲೆ ತೆಗೆದು, ಸೆರಗಿನಿಂದ ಒರೆಸಿ, ಅಡುಗೆಮನೆಯ ಸ್ಟ್ಯಾಂಡಿನಲ್ಲಿ ಸ್ಟೀಲು ತಟ್ಟೆಗಳ ನಡುವೆ ನಿಲ್ಲಿಸುತ್ತಿದ್ದಳು. ತಟ್ಟೆಯ ಹಾಗೆ ಹೊಳೆಯುವ ವಸ್ತುವಿಗೆ ತಟ್ಟೆಯ ಜಾಗ! ತಟ್ಟೆಯ ಅಂಚು ತಗುಲಿ ತಗುಲಿ ಗೀರು ಬಿದ್ದವು. ಗಾಡಿ ನಡುದಾರಿಯಲ್ಲಿ ನಿಲ್ಲತೊಡಗಿತು.

ಟೂತ್‌ಪೇಸ್ಟು ಹಚ್ಚಿದರೆ ಗೀರು ಹೋಗುತ್ತದೆ ಎಂದು ಕಾರ್ಖಾನೆಯಲ್ಲಿ ಯಾರೋ ಹೇಳಿದರು. ದೇವರ ಹಿತ್ತಾಳೆ ತಟ್ಟೆ ತಿಕ್ಕಿ ರೂಢಿಯಾದ ಕೈ ನನ್ನದು. ಸುತ್ತಲೂ ಗುಂಡಗೆ ತಿಕ್ಕಿದೆ. ಇನ್ನಷ್ಟು ಹದಗೆಟ್ಟಿತು. ಆಗಿನ್ನೂ ಬಸ್‌ಸ್ಟಾಪಿನ ಬಳಿ ಸಿಡಿ ಬಾಡಿಗೆಯ ಅಂಗಡಿಯೊಂದು ಉಸಿರು ಹಿಡಿದುಕೊಂಡಿತ್ತು. ಅಲ್ಲಿನ ಭಾಯಿ ನೋಡಿ ನಕ್ಕುಬಿಟ್ಟ. “ಕ್ಯಾ ಸಾಬ್, ಬರ್ತನ್ ಮಾಂಜೆ ಕ್ಯಾ? ಗೋಲ್ ನಕ್ಕೋ. ಬೀಚ್ ಸೇ ಬಾಹರ್ ಕೂ, ಸೀಧಾ.” ಪಾತ್ರೆ ಬೆಳಗಿದಿರೇನು, ಗುಂಡಗೆ ಬೇಡ, ನಡುವಿನಿಂದ ಅಂಚಿಗೆ ನೆಟ್ಟಗೆ ಎಳೆಯಿರಿ ಎಂದು. ಆಟ ಸಿಡಿಯಲ್ಲಿ ಸುತ್ತು ಸುತ್ತಾಗಿ ಬರೆದಿರುತ್ತದಂತೆ. ಗುಂಡಗೆ ತಿಕ್ಕಿದರೆ ಗೀರು ಆ ಬರಹದ ಜೊತೆಗೇ ಓಡುತ್ತದೆ, ನೆಟ್ಟಗೆ ಎಳೆದರೆ ಅಡ್ಡ ದಾಟಿ ಹೋಗುತ್ತದೆ.

ಅಂದಿನಿಂದ ಭಾನುವಾರದ ಕೆಲಸಗಳಲ್ಲಿ ಅದೂ ಒಂದಾಯಿತು. ಮೊದಲು ನಲ್ಲಿಯ ಕೆಳಗೆ ಹಿಡಿದು ಧೂಳು ಹೋಗಲಾಡಿಸಬೇಕು. ಒಣಗಿದ ಧೂಳಿನ ಮೇಲೆ ಬಟ್ಟೆ ಎಳೆದರೆ ಅದೇ ಹೊಸ ಗೀರು. ನಂತರ ಬಿಳಿ ಪೇಸ್ಟು, ಬಣ್ಣದ ಜೆಲ್ ಅಲ್ಲ, ಕಡಲೆಯಷ್ಟು. ಹಳೆಯ ಪಂಚೆಯ ತುಂಡು ಬೆರಳಿಗೆ ಸುತ್ತಿ ನಡುವಿನಿಂದ ಹೊರಕ್ಕೆ, ಮಗುವಿನ ಹಣೆ ಸವರುವಷ್ಟು ಹಗುರವಾಗಿ. ತೊಳೆದು, ಒತ್ತಿ ಒಣಗಿಸಿ, ಟ್ಯೂಬ್‌ಲೈಟಿನ ಕೆಳಗೆ ವಾಲಿಸಿ ನೋಡಬೇಕು. ಅಕ್ಕ ಪಕ್ಕದಲ್ಲಿ ಕೂತು “ಸರ್ವಿಸಿಂಗ್ ಮುಗೀತೇನು?” ಎನ್ನುತ್ತಿದ್ದಳು.

ಒಂದು ಗಾಯಕ್ಕೆ ಮಾತ್ರ ಮದ್ದು ಸಿಗಲಿಲ್ಲ. ಅದು ಆಯುಧಪೂಜೆಯಂದು ಆದದ್ದು. ಊರಲ್ಲಿ ಭಾವನ ಬಸ್ಸಿಗೆ ಬಾಳೆಕಂದು ಕಟ್ಟುವಾಗ ಅರಿಶಿನ ಕುಂಕುಮ ಹಚ್ಚುವುದು ಅಕ್ಕನ ಪಾಲಿನ ಕೆಲಸವಾಗಿತ್ತು. ನಾನು ಕಾರ್ಖಾನೆಯ ಪೂಜೆ ಮುಗಿಸಿ ಮಂಡಕ್ಕಿ ಹಿಡಿದು ಬಂದರೆ, ನನ್ನ ಸ್ಕೂಟರಿಗೆ ಹೂವು, ಮಿಕ್ಸಿಗೆ ಕುಂಕುಮ, ದೇವರ ಮುಂದಿನ ಮಣೆಯ ಮೇಲೆ ಸಿಡಿ. ಚಿತ್ರವಿರುವ ಮೇಲ್ಮೈಗೆ ಅರಿಶಿನ ಕಲಸಿ ಹಚ್ಚಿ, ನಡುವಿನ ತೂತಿನ ಸುತ್ತ ಕುಂಕುಮದ ಬೊಟ್ಟು ಇಟ್ಟಿದ್ದಳು. “ನನ್ನ ಗಾಡಿಗಿ ಪೂಜಿ ಬ್ಯಾಡೇನು?” ಅಂದಳು. ಮರುದಿನ ಒಣಗಿದ ಅರಿಶಿನವನ್ನು ಅವಳೇ ತೆಂಗಿನ ನಾರಿನಿಂದ ಉಜ್ಜಿ ಸ್ವಚ್ಛ ಮಾಡಿದಳು. ಹೊಳೆಯುವ ಕಡೆ ಬಿದ್ದ ಗೀರು ತಿಕ್ಕಿದರೆ ಹೋದೀತು. ಆದರೆ ಬರಹ ಇರುವುದು ಚಿತ್ರದ ಕಡೆಯ ತೆಳು ಬಣ್ಣದ ಅಡಿಗೇ. ನಾರು ತಾಗಿ ಆ ಬಣ್ಣವೇ ಕಿತ್ತುಬಂದಿತ್ತು; ಬೆಳಕಿಗೆ ಹಿಡಿದರೆ ಸಾಸಿವೆಯಷ್ಟು ತೂತಿನಲ್ಲಿ ಕಿಟಕಿ ಕಾಣುತ್ತಿತ್ತು. ಅಂದಿನಿಂದ ಆಟದೊಳಗಿನ ಊರಿನ ಒಂದು ಸುರಂಗದ ಬಾಯಿಗೆ ಹೋದರೆ ಸಾಕು, ಗಾಡಿ ಕಲ್ಲಾಗುತ್ತಿತ್ತು. ಅಕ್ಕ ಬೇಸರಿಸಲಿಲ್ಲ. “ಆ ರಸ್ತಾ ಬಂದ್ ಐತಿ. ಸುತ್ತ ಹಾಕಿ ಹೋಗೂಣು,” ಅಂದಳು, ರಸ್ತೆ ಇಲಾಖೆಯವರೇ ಬಂದು ಹೇಳಿಹೋದ ಹಾಗೆ.

ಆಮೇಲೆ ಗೌರಮ್ಮನಿಗೆ ಆಪರೇಷನ್ ಆಗಿ, ನೋಡಿಕೊಳ್ಳಲು ಅಕ್ಕ ರಾಯಚೂರಿಗೆ ಹೋದಳು. ಪೆಟ್ಟಿಗೆ ಕಟ್ಟಿಕೊಡಲೇ ಎಂದರೆ, “ಗೌರಿ ಮನ್ಯಾಗ ಟಿವಿ ಇಲ್ಲ. ಇಲ್ಲೇ ಇರಲಿ, ಒಂದು ತಿಂಗಳಿಗಿ ಬರ್ತೀನಲ್ಲ,” ಅಂದಳು. ಗೌರಮ್ಮ ಎದ್ದು ಓಡಾಡುವ ಹೊತ್ತಿಗೆ ಅಕ್ಕನ ಕಣ್ಣು ಮಂಜಾಯಿತು. ಅವಳಿಗೆ ಇವಳು, ಇವಳಿಗೆ ಅವಳು ಎಂದು ಅಲ್ಲೇ ಉಳಿದಳು. ನಾನು ಒಂದೆರಡು ಸಲ ಆಟ ಹಚ್ಚಬೇಕೆಂದು ಕೂತದ್ದುಂಟು. ಬೈಯಲು ಯಾರೂ ಇಲ್ಲದ ಮನೆಯಲ್ಲಿ ಗೋಡೆಗೆ ಗುದ್ದಿ ಏನು ಸುಖ ಎನ್ನಿಸಿ ಎದ್ದುಬಿಡುತ್ತಿದ್ದೆ.

ಇವತ್ತು ತೊಳೆದು ತಿಕ್ಕಿ ಹಾಕಿದರೆ, ಪೆಟ್ಟಿಗೆ ಗೊರಗೊರ ಎಂದು ಸುಮ್ಮನಾಯಿತು. ಪರದೆ ಕಪ್ಪು. ಮತ್ತೆ ತಿಕ್ಕಿದೆ. ಮತ್ತೆ ಕಪ್ಪು. ಗೋಡೆ ಕಡೆ ತಿರುಗಿದ ಅಕ್ಕನ ಬೆನ್ನು ಕಣ್ಣ ಮುಂದೆ ಬರುತ್ತಿತ್ತು. ಅಂಗಡಿಯ ಭಾಯಿಯನ್ನು ಕೇಳೋಣವೆಂದರೆ ಅಲ್ಲೀಗ ಮೊಬೈಲ್ ಕವರು ಮಾರುತ್ತಾರೆ. ಕೊನೆಗೆ ಪೆಟ್ಟಿಗೆಯೊಳಗಿನ ಸಣ್ಣ ಗಾಜಿನ ಕಣ್ಣಿಗೆ ಧೂಳು ಕೂತಿರಬಹುದೆಂದು ಹತ್ತಿಗೆ ಸ್ಪಿರಿಟ್ ತಾಗಿಸಿ ಒರೆಸಿ, ಸಿಡಿಯನ್ನು ಮೂರನೆಯ ಸಲ ನಡುವಿನಿಂದ ಅಂಚಿಗೆ ಎಳೆದೆಳೆದು ಹಾಕಿದೆ. ಬಹಳ ಹೊತ್ತಿನ ಮೇಲೆ ರಸ್ತೆ ಬಂತು. ಹೊರಗೆ ದೀಪ ಹಚ್ಚುವ ವೇಳೆಯಾಗಿತ್ತು.

ಗೌರಮ್ಮನಿಗೆ ಫೋನು ಹಚ್ಚಿ, ಸ್ಪೀಕರಿಗೆ ಹಾಕಿ ಟಿವಿಯ ಪಕ್ಕ ಇಟ್ಟೆ. “ಅಕ್ಕಾ, ಗಾಡಿ ತೆಗದೀನಿ. ಕೇಳಸ್ತೈತೇನು?”

ನಾನು ಹಾಗೇ ಓಡಿಸಿದೆ. ಸ್ವಲ್ಪ ದೂರ ಹೋದ ಮೇಲೆ, ಬಾವಿಯ ತಳದಿಂದ ಬಂದ ಹಾಗೆ ದನಿ ಬಂತು.

“ಎಷ್ಟನೇ ಗೇರಿನ್ಯಾಗ ಅದಿ?”

“ನೋಡಿಲ್ಲ.”

“ನೋಡಿಲ್ಲಂತ! ಗಾಡಿ ಅಳಾಕತ್ತೈತಿ. ಮ್ಯಾಲ ಹಾಕು. ಈಗ ಮುಂದ ಏನೈತಿ?”

“ಪೆಟ್ರೋಲ್ ಬಂಕ್.”

“ಬಲಕ್ಕ ತೊಗೊ. ಎಡಕ್ಕ ಹೋದ್ರ ಸುರಂಗ, ಗೊತ್ತೈತಿಲ್ಲೋ?”

ಬಲಕ್ಕೆ ತಿರುಗಿಸಿದೆ. ಸಮುದ್ರ ಬಂತು, ಈಚಲ ಮರಗಳು ಬಂದವು. ಒಂದೊಂದನ್ನೂ ಹೇಳಿದೆ. ಅವಳು ದಾರಿ ಹೇಳುತ್ತ ಹೋದಳು. ಸ್ವಲ್ಪ ಹೊತ್ತಿಗೆ ಅವಳ ಮಾತು ದಪ್ಪವಾಯಿತು, ಅಕ್ಷರಗಳು ಒಂದಕ್ಕೊಂದು ಅಂಟಿಕೊಂಡವು. ಗಾಬರಿಯಾಗಿ ಕಿವಿಗೊಟ್ಟೆ. “ಹಾಂನ್... ನೆಟ್ಟಗ... ನೆಟ್ಟಗ ನಡಿ.” ನಡುವೆ ಬಟ್ಟಲಿಗೆ ಚಮಚ ತಾಗಿದ ಸದ್ದು. ಬಾಯಲ್ಲಿ ತುತ್ತಿಟ್ಟುಕೊಂಡು ಮಾತಾಡುತ್ತಿದ್ದಳು.

ನಾನು ಏನೂ ಕೇಳಲಿಲ್ಲ. ಕೇಳಿದರೆ ಬಾಯಿ ಮುಚ್ಚಿಬಿಟ್ಟಾಳು. ಗಾಡಿಯ ವೇಗ ಇಳಿಸಿದೆ. ಊರಿನ ಸುತ್ತು ಮುಗಿಯುತ್ತಿದ್ದಂತೆ, ದಾರಿ ತಪ್ಪಿತು ಅಕ್ಕ ಎಂದು ಸುಳ್ಳು ಹೇಳಿ, ಬೈಸಿಕೊಂಡು, ಇನ್ನೊಂದು ಸುತ್ತಿಗೆ ತಿರುಗಿಸಿದೆ. ಆಮೇಲೆ ಇನ್ನೊಂದು. ಮೂರನೆಯ ಸುತ್ತಿನ ಹೊತ್ತಿಗೆ ನಾನು ಕೇಳಿದ ತಿರುವಿಗೆ ಉತ್ತರ ಬರಲಿಲ್ಲ. ಗಾಡಿಯನ್ನು ಸಮುದ್ರದ ಪಕ್ಕ ನಿಲ್ಲಿಸಿದೆ.

“ಮಲಗ್ಯಾರ್ರಿ,” ಗೌರಮ್ಮನ ಪಿಸುದನಿ. “ಒಂದು ರೊಟ್ಟಿ ಪೂರಾ ಹೋತ್ರಿ ಅಣ್ಣಾರ, ಹಾಲಾಗ ನೆನಸಿದ್ದು. ನಾ ಮಾತಾಡಿದ್ರ, ಸುಮ್ನಿರು, ಅಂವಾ ದಾರಿ ತಪ್ತಾನ ಅಂತ ನನಗ ಬೈದ್ರು. ನಾಳಿ ಎಷ್ಟೊತ್ತಿಗಿ ಗಾಡಿ ತೆಗೀತೀರಿ ಹೇಳ್ರಿ, ಆ ಹೊತ್ತಿಗಿ ರೊಟ್ಟಿ ಬಡೀತೀನಿ.”

“ಶಿಫ್ಟ್ ಮುಗಿಸಿ ಬಂದ ಕೂಡಲೇ,” ಅಂದೆ.

ಅನ್ನಕ್ಕೆ ಪುಂಡಿ ಪಲ್ಯ ಕಲಸಿಕೊಂಡು ಉಂಡೆ, ಮೇಲೆ ಒಂದು ಚಮಚ ಹಸಿ ಎಣ್ಣೆ. ರಾಯಚೂರಿನಲ್ಲಿ ಗೌರಮ್ಮ ಇನ್ನೂ ಪಾತ್ರೆ ತೊಳೆಯುತ್ತಿರಬೇಕು. ಎಲ್ಲರಿಗಿಂತ ಮೊದಲು ಮಲಗಿದವಳು ಅಕ್ಕ, ಹೊಟ್ಟೆ ತುಂಬಿ.